ಅರಸರು ಮುಚ್ಚಿಟ್ಟ ಪಿಯಾನೊ

ಅರಸರನ್ನು ಚರಿತ್ರೆ ನೆನೆಯುವ ರೀತಿಯೇ ಒಂದು ಬಗೆ. ಅವರು ಕಟ್ಟಿಸಿದ ಕಟ್ಟೆ, ಗೆದ್ದ ಕೋಟೆ, ಹಾಕಿದ ಸಹಿ, ಇಷ್ಟನ್ನು ಲೆಕ್ಕ ಹಾಕಿ ಅದು ಪುಟ ಮಗುಚುತ್ತದೆ. ಮೈಸೂರಿನ ಕೊನೆಯ ಮಹಾರಾಜರಾದ ಜಯಚಾಮರಾಜ ಒಡೆಯರ ವಿಷಯದಲ್ಲಿಯೂ ಹಾಗೆಯೇ ಆಗಿದೆ. 1940ರಲ್ಲಿ ಪಟ್ಟಕ್ಕೆ ಬಂದರು, 1947ರಲ್ಲಿ ಭಾರತ ಒಕ್ಕೂಟಕ್ಕೆ ಸೇರುವ ಪತ್ರಕ್ಕೆ ಸಹಿ ಹಾಕಿದರು, ಆಮೇಲೆ ರಾಜಪ್ರಮುಖರಾದರು, ರಾಜ್ಯಪಾಲರಾದರು, 1974ರಲ್ಲಿ ತೀರಿಕೊಂಡರು. ನಮ್ಮ ಪಠ್ಯಪುಸ್ತಕಗಳು ಸಾಮಾನ್ಯವಾಗಿ ಇಲ್ಲಿಗೆ ನಿಲ್ಲುತ್ತವೆ. ಆದರೆ ಈ ದೊಡ್ಡ ಚರಿತ್ರೆಯ ಮಡಿಕೆಯೊಳಗೆ ಒಂದು ಸಣ್ಣ ಚರಿತ್ರೆ ಅಡಗಿದೆ. ಅದು ಪಿಯಾನೊ ವಾದಕನಾಗಬೇಕೆಂದು ಆಸೆಪಟ್ಟ ಒಬ್ಬ ಹುಡುಗನದು. ಆ ಆಸೆಯನ್ನು ಅವನು ಕೈಬಿಟ್ಟದ್ದು, ಕೈಬಿಟ್ಟ ಸಂಗೀತ ಬೇರೆ ಬಾಗಿಲಿನಿಂದ ಅವನನ್ನು ಹುಡುಕಿಕೊಂಡು ಬಂದದ್ದು, ಇವು ನನ್ನ ಮಟ್ಟಿಗೆ ಸಹಿ ಹಾಕಿದ ಸಂಗತಿಗಿಂತ ಕಡಮೆ ಮುಖ್ಯವಾದವಲ್ಲ.

ಕನ್ನಡ ಓದಿದ, ಓದಿಸುವ ನನ್ನಂಥವರಿಗೆ ಈ ಮಹಾರಾಜರ ಪರಿಚಯವಾಗುವುದು ಕಾಲೇಜಿನ ಪುಸ್ತಕ ಭಂಡಾರದಲ್ಲಿ. ಅವರ ಆಶ್ರಯದಲ್ಲಿ ಕನ್ನಡಕ್ಕೆ ಬಂದ ಪುರಾಣಗಳು, ಸಾಯಣಭಾಷ್ಯದೊಡನೆ ಬಂದ ಋಗ್ವೇದದ ದಪ್ಪ ದಪ್ಪ ಸಂಪುಟಗಳು ಅಲ್ಲಿನ ಕಪಾಟುಗಳಲ್ಲಿ ಸಾಲುಗಟ್ಟಿ ನಿಂತಿರುತ್ತವೆ. ಮುಖಪುಟದ ಮೇಲೆ ಗಂಡಭೇರುಂಡ, ಅದರ ಕೆಳಗೆ ಅವರ ಹೆಸರು. ಅದೇ ಹೆಸರು ರಷ್ಯದ ಒಬ್ಬ ಸಂಗೀತಕಾರನ ಪಿಯಾನೊ ಕೃತಿಯೊಂದರ ಅರ್ಪಣೆಯ ಪುಟದಲ್ಲಿಯೂ ಇದೆಯೆಂದು ತಿಳಿದಾಗ ನನಗೆ ಆಶ್ಚರ್ಯವಾಯಿತು. ಋಗ್ವೇದದ ಮುಖಪುಟಕ್ಕೂ ಆ ಅರ್ಪಣೆಯ ಪುಟಕ್ಕೂ ನಡುವೆ ಇರುವ ದೂರವನ್ನು ಅಳೆಯುವ ಪ್ರಯತ್ನವೇ ಈ ಲೇಖನ.

ಮೊದಲು ಅವರು ಹುಟ್ಟಿದ ಮನೆಯನ್ನು ನೋಡೋಣ. 1919ರ ಜುಲೈ 18ರಂದು ಯುವರಾಜ ಕಂಠೀರವ ನರಸಿಂಹರಾಜ ಒಡೆಯರ ಏಕಮಾತ್ರ ಪುತ್ರರಾಗಿ ಜಯಚಾಮರಾಜರು ಹುಟ್ಟಿದರು. ಆಗ ಸಿಂಹಾಸನದ ಮೇಲಿದ್ದವರು ದೊಡ್ಡಪ್ಪ ನಾಲ್ವಡಿ ಕೃಷ್ಣರಾಜ ಒಡೆಯರು. ಸಂಗೀತಕ್ಕೆ ಆ ಅರಮನೆಗಿಂತ ದೊಡ್ಡ ನೆಲೆ ಆಗ ದಕ್ಷಿಣದಲ್ಲಿ ಹೆಚ್ಚಾಗಿ ಇರಲಿಲ್ಲ. ವೀಣೆ ಶೇಷಣ್ಣನವರು ಇನ್ನೂ ಬದುಕಿದ್ದರು. ಪಟ್ಣಂ ಸುಬ್ರಹ್ಮಣ್ಯ ಅಯ್ಯರ ಶಿಷ್ಯರಾದ ವಾಸುದೇವಾಚಾರ್ಯರು ಆಸ್ಥಾನದಲ್ಲಿದ್ದರು. ಮುಂದೆ ಮುತ್ತಯ್ಯ ಭಾಗವತರು ಬಂದು ಚಾಮುಂಡೇಶ್ವರಿಯ ಮೇಲೆ ಕನ್ನಡದಲ್ಲಿ ನೂರೆಂಟು ಕೃತಿಗಳನ್ನು ರಚಿಸಿದರು. ನಾಲ್ವಡಿಯವರು ಸ್ವತಃ ವೀಣೆ, ಪಿಟೀಲು, ಕೊಳಲು, ಪಿಯಾನೊ ಮೊದಲಾಗಿ ಹಲವು ವಾದ್ಯಗಳನ್ನು ಬಲ್ಲವರು. ಅರಮನೆಯಲ್ಲಿ ಕರ್ನಾಟಕ ಸಂಗೀತದ ಬ್ಯಾಂಡು ಇತ್ತು. ಪಾಶ್ಚಾತ್ಯ ವಾದ್ಯಗೋಷ್ಠಿಯೂ ಇತ್ತು. ಆಟೊ ಸ್ಮಿತ್ ಎಂಬ ಐರೋಪ್ಯ ಸಂಗೀತಗಾರರು ಅದನ್ನು ನಡೆಸುತ್ತಿದ್ದರು. ಬೆಳಗ್ಗೆ ವೀಣೆ, ಸಂಜೆ ಪಿಟೀಲು ಎಂಬ ಹಾಗೆ ಎರಡು ನಾದಗಳು ಒಂದೇ ಹಜಾರದಲ್ಲಿ ಹೆಗಲೆಣೆಯಾಗಿ ಬಾಳಿದ ಮನೆ ಅದು.

ಇಷ್ಟೆಲ್ಲ ವಿದ್ವಾಂಸರ ನಡುವೆ ಬೆಳೆದ ಹುಡುಗನ ಮನಸ್ಸನ್ನು ಸೆಳೆದದ್ದು ಪಿಯಾನೊ. ಮೈಸೂರಿನ ಗುಡ್ ಷೆಫರ್ಡ್ ಕಾನ್ವೆಂಟಿನ ಸಿಸ್ಟರ್ ಇಗ್ನೇಷಿಯಸ್ ಎಂಬ ಸನ್ಯಾಸಿನಿ ಅವರಿಗೆ ಪಾಠ ಹೇಳಿದರು. ಕಲಿಕೆ ಹವ್ಯಾಸದ ಮಟ್ಟದಲ್ಲಿ ನಿಲ್ಲಲಿಲ್ಲ. ಮಹಾರಾಜಾ ಕಾಲೇಜಿನಲ್ಲಿ ಓದಿ, 1938ರಲ್ಲಿ ಚಿನ್ನದ ಪದಕಗಳೊಡನೆ ಪದವಿ ಪಡೆದ ಆ ತರುಣ, ಸಭೆಗಳಲ್ಲಿ ನುಡಿಸುವ ಪಿಯಾನೊ ವಾದಕನಾಗಬೇಕೆಂದೇ ಬಯಸಿದ್ದರೆಂದು ಮನೆಯವರು ಮುಂದೆ ಹೇಳಿದ್ದಾರೆ. ನಮ್ಮ ಸಂಗೀತದ ಕಡೆಗೆ ಆಗ ಅವರಿಗೆ ಅಷ್ಟಾಗಿ ಒಲವಿರಲಿಲ್ಲವೆಂಬ ಮಾತೂ ಇದೆ. ಇದರಲ್ಲಿ ಆಶ್ಚರ್ಯವಿಲ್ಲ. ಹಿತ್ತಲ ಗಿಡ ಮದ್ದಲ್ಲವೆಂಬುದು ಗಾದೆ. ಬಾಗಿಲು ತೆರೆದರೆ ಕೇಳುವ ತೋಡಿಗಿಂತ, ಸಮುದ್ರದಾಚೆಯ ನಾದ ಹದಿಹರೆಯಕ್ಕೆ ಹೆಚ್ಚು ಇಂಪಾಗಿ ಕೇಳುವುದು ಲೋಕಸ್ವಭಾವ.

1940 ಬಂದಿತು. ಆ ವರ್ಷದ ಮಾರ್ಚಿಯಲ್ಲಿ ಯುವರಾಜರು ಮುಂಬಯಿಯಲ್ಲಿ ತೀರಿಕೊಂಡರು. ಆಗಸ್ಟ್ 3ರಂದು ನಾಲ್ವಡಿಯವರೂ ಕಣ್ಮುಚ್ಚಿದರು. ಐದು ತಿಂಗಳೊಳಗೆ ತಂದೆ, ದೊಡ್ಡಪ್ಪ ಇಬ್ಬರೂ ಹೋದರು. ಸೆಪ್ಟೆಂಬರ್ 8ರಂದು ಇಪ್ಪತ್ತೊಂದು ವರ್ಷದ ಆ ತರುಣ ಸಿಂಹಾಸನವನ್ನೇರಬೇಕಾಯಿತು. ಯೂರೋಪಿನಲ್ಲಿ ಯುದ್ಧ ಆರಂಭವಾಗಿ ಒಂದು ವರ್ಷ ಕಳೆದಿತ್ತು. ಲಂಡನ್ನಿನ ದಾರಿ ಮುಚ್ಚಿತ್ತು. ಮೈಸೂರಿನ ದರ್ಬಾರಿನ ಬಾಗಿಲು ತೆರೆದಿತ್ತು.

ಪಿಯಾನೊ ಬಿಡುವುದೆಂದರೇನೆಂದು ಆ ವಾದ್ಯವನ್ನು ಮುಟ್ಟದವರಿಗೂ ಸ್ವಲ್ಪ ತಿಳಿದಿರಬೇಕು. ಎಂಬತ್ತೆಂಟು ಮಣೆಗಳ ಆ ವಾದ್ಯ ಹತ್ತು ಬೆರಳುಗಳನ್ನೂ ದಿನವೂ ಬೇಡುತ್ತದೆ. ಬಲಗೈ ಒಂದು ಮಾತಾಡುತ್ತಿದ್ದರೆ ಎಡಗೈ ಅದಕ್ಕೆ ಎದುರಾಡುತ್ತಿರಬೇಕು. ಸಭೆಯ ಮುಂದೆ ಕೂರುವವನಿಗೆ ದಿನಕ್ಕೆ ನಾಲ್ಕೈದು ಗಂಟೆಯ ಸಾಧನೆ ತಪ್ಪದು. ಒಂದು ವಾರ ಬಿಟ್ಟರೆ ತನಗೆ ತಿಳಿಯುತ್ತದೆ. ಒಂದು ತಿಂಗಳು ಬಿಟ್ಟರೆ ಕೇಳುವವರಿಗೂ ತಿಳಿಯುತ್ತದೆ. ಆದರೆ ಅರಸನ ದಿನ ಅವನದಲ್ಲ. ಪೂಜೆ, ಕಡತ, ದಿವಾನರ ಭೇಟಿ, ದಸರೆ, ವರ್ಧಂತಿ, ಹೀಗೆ ಒಂದೊಂದು ಗಂಟೆಗೂ ಒಬ್ಬೊಬ್ಬ ಯಜಮಾನ. ಪಟ್ಟವಾದ ಮೇಲೆ ಅವರು ಪಾಶ್ಚಾತ್ಯ ಸಂಗೀತವನ್ನು ನುಡಿಸುವುದನ್ನೇ ನಿಲ್ಲಿಸಿದರೆಂದು ಹತ್ತಿರದ ಸಂಬಂಧಿಕರು ವ್ಯಥೆಯಿಂದ ನೆನೆದಿದ್ದಾರೆ. ಲಂಡನ್ನಿನ ಗಿಲ್ಡ್‌ಹಾಲ್ ಸಂಗೀತಶಾಲೆಯ ಲೈಸೆನ್ಷಿಯೇಟ್ ಪದವಿ ಅವರಿಗೆ ದೊರೆಯಿತು; 1945ರಲ್ಲಿ ಟ್ರಿನಿಟಿ ಸಂಗೀತ ಕಾಲೇಜು ಅವರನ್ನು ಗೌರವ ಫೆಲೋ ಆಗಿ ಆರಿಸಿತು. ಆ ಗೌರವ ಬರುವ ಹೊತ್ತಿಗೆ ಅವರು ಸಿಂಹಾಸನಕ್ಕೆ ಸೇರಿ ಐದು ವರ್ಷವಾಗಿತ್ತು.

ಕೈ ಬಿಟ್ಟದ್ದನ್ನು ಕಿವಿ ಬಿಡಲಿಲ್ಲ. ಅರಮನೆಯಲ್ಲಿ ಗ್ರಾಮಫೋನ್ ಪ್ಲೇಟುಗಳ ದೊಡ್ಡ ಭಂಡಾರವೇ ಬೆಳೆಯಿತು. ಆ ಪ್ಲೇಟುಗಳಲ್ಲಿ ಅವರು ಹುಡುಕಿಯೂ ಸಿಗದ ಹೆಸರೊಂದಿತ್ತು: ನಿಕೊಲಾಯ್ ಮೆಟ್ನರ್.

ಮೆಟ್ನರ್ 1880ರಲ್ಲಿ ಮಾಸ್ಕೋದಲ್ಲಿ ಹುಟ್ಟಿದವರು. ಅಲ್ಲಿನ ಸಂಗೀತ ವಿದ್ಯಾಲಯದಲ್ಲಿ 1900ರಲ್ಲಿ ಚಿನ್ನದ ಪದಕ ಗಳಿಸಿದ ಪಿಯಾನೊ ವಾದಕ. ಆದರೆ ವಾದನಕ್ಕಿಂತ ರಚನೆಯನ್ನೇ ಬದುಕಾಗಿ ಆರಿಸಿಕೊಂಡರು. ರಾಖ್ಮಾನಿನಾಫ್ ಅವರ ಆಪ್ತ ಮಿತ್ರ. ರಾಖ್ಮಾನಿನಾಫ್ ತಮ್ಮ ನಾಲ್ಕನೆಯ ಪಿಯಾನೊ ಕನ್ಸರ್ಟೊವನ್ನು ಇವರಿಗೆ ಅರ್ಪಿಸಿದರೆ, ಇವರು ತಮ್ಮ ಎರಡನೆಯದನ್ನು ಅವರಿಗೆ ಅರ್ಪಿಸಿದರು. ಕ್ರಾಂತಿಯ ತರುವಾಯ, 1921ರಲ್ಲಿ, ಮೆಟ್ನರ್ ರಷ್ಯವನ್ನು ಬಿಟ್ಟು ಜರ್ಮನಿ, ಫ್ರಾನ್ಸುಗಳಲ್ಲಿ ಅಲೆದು, ಕೊನೆಗೆ 1935ರಲ್ಲಿ ಲಂಡನ್ನಿನಲ್ಲಿ ನೆಲೆನಿಂತರು. ಸಂಗೀತಲೋಕ ಆಗ ಹೊಸತನದ ಹಿಂದೆ ಓಡುತ್ತಿದ್ದ ಕಾಲ. ಮೆಟ್ನರ್ ಓಡಲಿಲ್ಲ. ನಾದಕ್ಕೆ ತನ್ನದೇ ಆದ ಶಾಶ್ವತ ನಿಯಮಗಳಿವೆ, ಅವನ್ನು ಮುರಿದದ್ದು ಸಂಗೀತವಾಗದು ಎಂದು 1935ರಲ್ಲಿ ಒಂದು ಪುಸ್ತಕವನ್ನೇ ಬರೆದರು. ಕಾಲ ಅವರನ್ನು ದಾಟಿ ಮುಂದೆ ಹೋಯಿತು. ಯುದ್ಧ ಬಂದಾಗ ಜರ್ಮನಿಯ ಪ್ರಕಾಶಕರಿಂದ ಬರುತ್ತಿದ್ದ ಹಣವೂ ನಿಂತಿತು. 1942ರಲ್ಲಿ ಹೃದಯಾಘಾತವಾಯಿತು. ಶಿಷ್ಯೆಯೊಬ್ಬರ ಮನೆಯ ಆಶ್ರಯದಲ್ಲಿ ಮೂರನೆಯ ಕನ್ಸರ್ಟೊವನ್ನು ಹೇಗೋ ಮುಗಿಸಿ, 1944ರ ಫೆಬ್ರವರಿಯಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲಿನಲ್ಲಿ ತಾವೇ ನುಡಿಸಿದರು. ಆದರೂ ಅವರ ಕೃತಿಗಳನ್ನು ಪ್ಲೇಟಿಗೆ ಹಾಕಲು ಕಂಪೆನಿಗಳು ಮುಂದೆ ಬರಲಿಲ್ಲ. ಕೊಳ್ಳುವವರಿಲ್ಲದ ಸರಕನ್ನು ಯಾವ ಅಂಗಡಿಯವನು ಮುಟ್ಟುತ್ತಾನೆ?

ಈ ವೃದ್ಧನ ನೆರವಿಗೆ ಮೈಸೂರಿನಿಂದ ಕೈ ಬಂದಿತು. ಮೆಟ್ನರರ ಕೃತಿಗಳನ್ನೆಲ್ಲ ಧ್ವನಿಮುದ್ರಿಸುವುದಾದರೆ ವೆಚ್ಚ ತಮ್ಮದೆಂದು ಮಹಾರಾಜರು ತಿಳಿಸಿದರು. ಎಚ್.ಎಂ.ವಿ. ಕಂಪೆನಿಯ ವಾಲ್ಟರ್ ಲೆಗ್ ಮೈಸೂರಿಗೇ ಬಂದು ಅರಮನೆಯಲ್ಲಿ ಕೆಲವು ವಾರ ತಂಗಿದರು. ಇನ್ನೂ ಮೂವತ್ತು ತುಂಬದ ಅರಸು, ಊಹಿಸಬಹುದಾದ ಪ್ಲೇಟುಗಳೆಲ್ಲ ಇದ್ದ ಭಂಡಾರ, ಸಭೆಗಳಲ್ಲಿ ನುಡಿಸುವಂಥ ಹಲವಾರು ದೊಡ್ಡ ಪಿಯಾನೊಗಳು, ಇವನ್ನು ಕಂಡು ಬೆರಗಾದುದನ್ನು ಲೆಗ್ ಬರೆದಿಟ್ಟಿದ್ದಾರೆ. ಚಂದಾದಾರರನ್ನು ಕೂಡಿಸಿ ಅಪರೂಪದ ಸಂಗೀತವನ್ನು ಮುದ್ರಿಸುವ 'ಸೊಸೈಟಿ' ಪದ್ಧತಿಯನ್ನು ಲೆಗ್ 1931ರಲ್ಲಿಯೇ ಹ್ಯೂಗೊ ವುಲ್ಫನ ಹಾಡುಗಳಿಗಾಗಿ ನಡೆಸಿ ನೋಡಿದ್ದರು. ಅದೇ ಮಾದರಿಯಲ್ಲಿ ಮೆಟ್ನರ್ ಸೊಸೈಟಿ ಹುಟ್ಟಿತು. 1947ರಲ್ಲಿ ಅರವತ್ತೇಳು ವರ್ಷದ ಮೆಟ್ನರ್, ದುರ್ಬಲವಾದ ಹೃದಯವನ್ನು ಹೊತ್ತುಕೊಂಡೇ, ಫಿಲ್ಹಾರ್ಮೋನಿಯಾ ವಾದ್ಯವೃಂದದೊಡನೆ ತಮ್ಮ ಮೂರು ಕನ್ಸರ್ಟೊಗಳನ್ನೂ ನುಡಿಸಿದರು. ಪ್ಲೇಟಿನ ಒಂದು ಮುಖದಲ್ಲಿ ನಾಲ್ಕು ನಾಲ್ಕೂವರೆ ನಿಮಿಷಕ್ಕಿಂತ ಹೆಚ್ಚು ಹಿಡಿಯದ ಕಾಲವದು. ಅರ್ಧ ಗಂಟೆಯ ಕೃತಿಯನ್ನು ಏಳೆಂಟು ತುಂಡು ಮಾಡಿ, ಒಂದೊಂದು ತುಂಡನ್ನೂ ತಪ್ಪಿಲ್ಲದೆ ನುಡಿಸಬೇಕು. ಆ ಸಾಹಸದಿಂದ ಮೂರು ಸಂಪುಟಗಳು ಹೊರಬಿದ್ದವು. ಮೆಟ್ನರ್ ತಮ್ಮ ಮೂರನೆಯ ಕನ್ಸರ್ಟೊವನ್ನು ಮೈಸೂರು ಮಹಾರಾಜರಿಗೆ ಕೃತಜ್ಞತೆಯಿಂದ ಅರ್ಪಿಸಿದರು. 1951ರ ನವೆಂಬರಿನಲ್ಲಿ ಅವರು ತೀರಿಕೊಂಡಾಗ ಎಲ್ಲ ಕೃತಿಗಳ ಮುದ್ರಣ ಪೂರ್ತಿಯಾಗಿರಲಿಲ್ಲ. ಆದರೂ ಮೆಟ್ನರರ ಬೆರಳುಗಳಿಂದ ಮೆಟ್ನರರ ಸಂಗೀತ ಇಂದು ಇಷ್ಟಾದರೂ ಕೇಳಲು ಸಿಗುತ್ತಿದ್ದರೆ, ಅದು ಮೈಸೂರಿನ ಋಣ.

ಲೆಗ್ ಕಟ್ಟಿದ ಫಿಲ್ಹಾರ್ಮೋನಿಯಾ ಬಳಗಕ್ಕೂ ಮಹಾರಾಜರ ನೆರವು ಹರಿಯಿತು. 1948ರಲ್ಲಿ ಅವರು ಫಿಲ್ಹಾರ್ಮೋನಿಯಾ ಕನ್ಸರ್ಟ್ ಸೊಸೈಟಿಯ ಮೊದಲ ಅಧ್ಯಕ್ಷರಾದರು. ಜರ್ಮನಿಯ ರಿಚರ್ಡ್ ಸ್ಟ್ರಾಸ್ ಎಂಬತ್ತನಾಲ್ಕನೆಯ ವಯಸ್ಸಿನಲ್ಲಿ ರಚಿಸಿದ ನಾಲ್ಕು ಕೊನೆಯ ಹಾಡುಗಳು 1950ರ ಮೇ 22ರಂದು ಆಲ್ಬರ್ಟ್ ಹಾಲಿನಲ್ಲಿ ಮೊದಲ ಬಾರಿಗೆ ಕೇಳಿಬಂದುವು. ಸ್ಟ್ರಾಸ್ ಆಗಲೇ ತೀರಿಕೊಂಡಿದ್ದರು. ಕರ್ಸ್ಟನ್ ಫ್ಲಾಗ್‌ಸ್ಟಾಡ್ ಹಾಡಿದರು. ಫುರ್ಟ್‌ವೆಂಗ್ಲರ್ ವಾದ್ಯವೃಂದವನ್ನು ನಡೆಸಿದರು. ಆ ಕಚೇರಿಗೆ ಬೇಕಾದ 4,800 ಡಾಲರುಗಳ ಖಾತರಿ ಕೊಟ್ಟವರು ಜಯಚಾಮರಾಜ ಒಡೆಯರು. ಕಚೇರಿಗೆ ಹೋಗಲು ಅವರಿಗೆ ಆಗಲಿಲ್ಲ. ಅದನ್ನು ಪ್ಲೇಟಿಗೆ ಹಿಡಿದು ತಮಗೆ ಕಳುಹಿಸಬೇಕೆಂಬುದೊಂದೇ ಅವರ ಬೇಡಿಕೆ. ಸಾವಿರಾರು ಜನ ಲಂಡನ್ನಿನಲ್ಲಿ ಕುಳಿತು ಕೇಳಿದ್ದನ್ನು, ಅದಕ್ಕೆ ಹಣ ಕೊಟ್ಟವರು ಮೈಸೂರಿನಲ್ಲಿ ಪ್ಲೇಟಿಗಾಗಿ ಕಾದು ಕೇಳಬೇಕಾಯಿತು.

ಇಲ್ಲಿ ಒಂದು ಪ್ರಶ್ನೆಯನ್ನು ತಪ್ಪಿಸಿಕೊಳ್ಳುವಂತಿಲ್ಲ. 1947 ಎಂದೆನಷ್ಟೆ. ಅದೇ ವರ್ಷ ಸೆಪ್ಟೆಂಬರಿನಲ್ಲಿ ಜವಾಬ್ದಾರಿ ಸರ್ಕಾರ ಬೇಕೆಂದು 'ಮೈಸೂರು ಚಲೋ' ಚಳವಳಿ ನಡೆಯಿತು. ಮೈಸೂರಿನಲ್ಲಿ ಗುಂಡೇಟಿಗೆ ಸಿಕ್ಕು ಮಡಿದ ವಿದ್ಯಾರ್ಥಿ ರಾಮಸ್ವಾಮಿಯ ಹೆಸರನ್ನು ಆ ಊರಿನ ವೃತ್ತವೊಂದು ಇಂದಿಗೂ ಹೊತ್ತಿದೆ. ಅಕ್ಟೋಬರಿನಲ್ಲಿ ಕೆ. ಸಿ. ರೆಡ್ಡಿಯವರ ಮಂತ್ರಿಮಂಡಲ ಬಂದಿತು. ಪ್ರಜೆಗಳು ಬೀದಿಯಲ್ಲಿ ನಿಂತ ವರ್ಷವೇ ಪ್ರಭುವಿನ ಹಣ ಲಂಡನ್ನಿನಲ್ಲಿ ಪಿಯಾನೊ ಪ್ಲೇಟಾಗುತ್ತಿತ್ತು. ಇದು ಒಪ್ಪುವ ಮಾತೇ ಎಂದು ಯಾರಾದರೂ ಕೇಳಿದರೆ, ಆ ಪ್ರಶ್ನೆಯನ್ನು ಅರಸಿಕತೆಯೆಂದು ತಳ್ಳಿಹಾಕುವುದಕ್ಕೆ ನಾನು ಸಿದ್ಧನಿಲ್ಲ. ಅರಮನೆಯ ಬೊಕ್ಕಸಕ್ಕೆ ಹಣ ಬರುವುದು ಕೊನೆಗೆ ಒಕ್ಕಲಿನ ಬೆವರಿನಿಂದಲೇ. ಆದರೆ ಎರಡು ಸಂಗತಿಗಳನ್ನು ತಕ್ಕಡಿಯ ಇನ್ನೊಂದು ತಟ್ಟೆಗೆ ಹಾಕಬೇಕು. ಅನೇಕ ಸಂಸ್ಥಾನಾಧಿಪತಿಗಳು ಕುದುರೆ ಜೂಜಿಗೂ ವಜ್ರಕ್ಕೂ ಸುರಿದ ಹಣದ ಮುಂದೆ ಇದು ಅಲ್ಪ. ಉಳಿದದ್ದು ಮಾತ್ರ ಅಲ್ಪವಲ್ಲ. ಎರಡನೆಯದಾಗಿ, ಕೀರ್ತಿಯೇ ಬೇಕಿದ್ದರೆ ಲೋಕವೆಲ್ಲ ಹೊಗಳುತ್ತಿದ್ದ ಹೆಸರುಗಳಿಗೇನೂ ಕೊರತೆಯಿರಲಿಲ್ಲ. ಲೋಕ ಮರೆತ ಒಬ್ಬ ಮುದುಕನನ್ನು ಹುಡುಕಿ ತೆಗೆದವನಿಗೆ ಬೇಕಾಗಿದ್ದುದು ಕೀರ್ತಿಯಲ್ಲ, ಸಂಗೀತ.

ಈ ನಡುವೆ ಮೈಸೂರಿನಲ್ಲಿ ಇನ್ನೊಂದು ಸಂಗತಿ ಸದ್ದಿಲ್ಲದೆ ನಡೆದಿತ್ತು. ಮಹಾರಾಜರು ವೀಣೆ ಹಿಡಿದಿದ್ದರು.

ಕಲಿಸಿದವರು ವೀಣೆ ವೆಂಕಟಗಿರಿಯಪ್ಪನವರು. ಶೇಷಣ್ಣನವರ ಶಿಷ್ಯರು, ಮುಂದೆ ದೊರೆಸ್ವಾಮಿ ಅಯ್ಯಂಗಾರ್ಯರಿಗೆ ಗುರುಗಳಾದವರು. ಆಸ್ಥಾನದ ಸಂಪ್ರದಾಯಕ್ಕೆ ಅರಸನಾದವನು ತನ್ನ ನಾಡಿನ ಸಂಗೀತವನ್ನು ಬಲ್ಲವನಾಗಿರಬೇಕಾಗಿತ್ತು. ಹಾಗೆ ಕರ್ತವ್ಯವೆಂದು ಆರಂಭವಾದ ಪಾಠ ಇದು. ಇಪ್ಪತ್ತು ದಾಟಿದ ಮೇಲೆ, ಒಂದು ವಾದ್ಯದಲ್ಲಿ ಪಳಗಿದ ಕೈ ಮತ್ತೊಂದರ ಮುಂದೆ ಸರಳೆವರಸೆಗೆ ಕೂರುವುದು ಸುಲಭವಲ್ಲ. ಪಿಯಾನೊದಲ್ಲಿ ಸ್ವರ ಮಣೆಯೊಳಗೆ ಸಿದ್ಧವಾಗಿರುತ್ತದೆ. ಮುಟ್ಟಿದರೆ ನುಡಿಯುತ್ತದೆ, ಅಲುಗಿಸಿದರೆ ಅಲುಗದು. ವೀಣೆಯ ಇಪ್ಪತ್ತನಾಲ್ಕು ಮೆಟ್ಟಿಲುಗಳ ಮೇಲೆ ಬರಿಯ ಸ್ವರ ಸಿಕ್ಕರೆ ರಾಗ ಸಿಕ್ಕಂತಲ್ಲ. ತಂತಿಯನ್ನು ಪಕ್ಕಕ್ಕೆ ಎಳೆದು, ಒಂದು ಸ್ವರದಿಂದ ಇನ್ನೊಂದಕ್ಕೆ ಜಾರಿ, ನಡುಗಿಸಿ, ಗಮಕ ಹುಟ್ಟಿಸಬೇಕು. ಒಂದರಲ್ಲಿ ಹಲವು ಸ್ವರಗಳು ಒಟ್ಟಿಗೆ ಕೂಡಿ ಕಟ್ಟಡವಾಗುತ್ತವೆ; ಇನ್ನೊಂದರಲ್ಲಿ ಒಂದೇ ಎಳೆ ಬಳ್ಳಿಯಂತೆ ಹಬ್ಬುತ್ತದೆ. ಮೊದಲಿನದರಲ್ಲಿ ಪಡೆದ ಜಾಣ್ಮೆ ಎರಡನೆಯದರಲ್ಲಿ ಅಷ್ಟಾಗಿ ನೆರವಿಗೆ ಬಾರದು. ನೆರವಿಗೆ ಬರುವುದು ತಾಳ್ಮೆ, ಮತ್ತು ಹಳೆಯ ಹಸಿವು.

ಇದೇ ಕಾಲದಲ್ಲಿ ಶಿಲ್ಪಿ ಸಿದ್ಧಲಿಂಗಸ್ವಾಮಿಯವರಿಂದ ಅವರಿಗೆ ಶ್ರೀವಿದ್ಯಾ ದೀಕ್ಷೆಯೂ ಆಯಿತು. ವೀಣೆಯೂ ಉಪಾಸನೆಯೂ ಕೂಡಿದ ಕಡೆ ರಚನೆ ಹುಟ್ಟಿತು. 1940ರ ದಶಕದ ನಡುವಿನಿಂದ ಅವರು ರಚಿಸಿದ ಕೃತಿಗಳು ತೊಂಬತ್ತನಾಲ್ಕು. ಎಲ್ಲವೂ ಸಂಸ್ಕೃತದಲ್ಲಿವೆ. ಅಂಕಿತ 'ಶ್ರೀವಿದ್ಯಾ'. ಅಠಾಣ ರಾಗದಲ್ಲಿ ಗಣಪತಿಯನ್ನು ಕುರಿತದ್ದು, ಗಂಭೀರನಾಟದಲ್ಲಿ 'ಶ್ರೀಜಾಲಂಧರ', ಹಿಂದೋಳದಲ್ಲಿ ಜಗದಂಬೆಯನ್ನು ಕುರಿತದ್ದು, ಇವು ಇಂದು ಕಚೇರಿಗಳಲ್ಲಿ ಹೆಚ್ಚಾಗಿ ಕೇಳಿಬರುತ್ತವೆ. ದುರ್ವಾಂಕಿಯಂಥ ಅಪರೂಪದ ರಾಗಗಳಿಗೂ ಅವರು ಕೈಹಾಕಿದ್ದಾರೆ. ನೀಳವಾದ ಸಮಾಸಗಳು, ವಿಳಂಬವಾದ ನಡೆ, ಕೊನೆಯಲ್ಲಿ ಇದ್ದಕ್ಕಿದ್ದಂತೆ ಓಡುವ ಮಧ್ಯಮಕಾಲದ ಸಾಲುಗಳು, ಇವನ್ನು ಕೇಳಿದವರಿಗೆ ಮುತ್ತುಸ್ವಾಮಿ ದೀಕ್ಷಿತರು ನೆನಪಿಗೆ ಬರುವುದು ಸಹಜ.

ಈ ಕಥೆಯನ್ನು ಎರಡು ರೀತಿಯಲ್ಲಿ ಹೇಳುವವರಿದ್ದಾರೆ. ಮೊದಲನೆಯದು, ಪರದೇಶದ ವ್ಯಾಮೋಹವನ್ನು ಬಿಟ್ಟು ಮಗ ತಾಯಿಮನೆಗೆ ಬಂದನೆಂಬ ಕಥೆ. ಕೇಳುವುದಕ್ಕೆ ಹಿತವಾಗಿದೆ, ಆದರೆ ನಿಜವಲ್ಲ. ಕೃತಿಗಳು ಹುಟ್ಟುತ್ತಿದ್ದ ವರ್ಷಗಳಲ್ಲಿಯೇ ಮೆಟ್ನರರ ಪ್ಲೇಟುಗಳೂ ಹುಟ್ಟಿದುವು. ಒಂದು ಬಂದಿತೆಂದು ಇನ್ನೊಂದನ್ನು ಅವರು ಹೊರಗೆ ಹಾಕಲಿಲ್ಲ. ಎರಡನೆಯದು, ಕಿರೀಟ ಒಬ್ಬ ಕಲಾವಿದನನ್ನು ಕೊಂದಿತೆಂಬ ಕಥೆ. ಇದರಲ್ಲಿ ನಿಜಾಂಶವಿದೆ, ಆದರೆ ಪೂರ್ತಿ ನಿಜವಲ್ಲ. ಸಭೆಯಲ್ಲಿ ನುಡಿಸುವ ವಾದಕ ಸತ್ತದ್ದು ದಿಟ. ಅವನೊಳಗಿನ ಸಂಗೀತಗಾರ ಬದುಕಿಯೇ ಇದ್ದನು.

ನನಗೆ ತೋರುವುದು ಹೀಗೆ. ಮೆಟ್ನರರನ್ನು ಮೆಚ್ಚಿದ ಕಿವಿಯೂ ದೀಕ್ಷಿತರ ದಾರಿಯನ್ನು ಹಿಡಿದ ಕಿವಿಯೂ ಒಂದೇ. ಇಬ್ಬರೂ ಗಟ್ಟಿಯಾಗಿ ಕಟ್ಟುವವರು. ಇಬ್ಬರಲ್ಲಿಯೂ ಮೊದಲ ಸಾಲಿನಲ್ಲಿ ಬಿತ್ತಿದ್ದು ಕೊನೆಯ ಸಾಲಿನವರೆಗೂ ಬೆಳೆಯುತ್ತದೆ. ಇಬ್ಬರೂ ಕೇಳುಗನ ಬಳಿಗೆ ಇಳಿದು ಬರುವವರಲ್ಲ, ಕೇಳುಗನನ್ನು ಮೇಲಕ್ಕೆ ಕರೆಯುವವರು. ಹದಿಹರೆಯದಲ್ಲಿ ಪಿಯಾನೊದ ಮೂಲಕ ಮೂಡಿದ ಒಂದು ರುಚಿ ಇಪ್ಪತ್ತೈದರ ಆಚೀಚೆ ವೀಣೆಯ ಮೂಲಕ ತನ್ನನ್ನು ತಾನೇ ಮತ್ತೆ ಕಂಡುಕೊಂಡಿತು. ಬಿಟ್ಟ ಒಲವು ಮರಳಿ ಬಂದಾಗ ಬಿಟ್ಟುಹೋದ ವೇಷದಲ್ಲಿಯೇ ಬರಬೇಕೆಂಬ ನಿಯಮವಿಲ್ಲ. ಅದು ಬೇರೆ ವಾದ್ಯವನ್ನು ಹಿಡಿದು, ಬೇರೆ ಭಾಷೆಯಲ್ಲಿ ಮಾತಾಡುತ್ತ ಬಂದೀತು. ಗುರುತಿಸುವ ಕಣ್ಣು ಇರಬೇಕು, ಅಷ್ಟೆ.

ಸಂಗೀತದ ಚರಿತ್ರೆಯಲ್ಲಿ ಇದಕ್ಕೆ ಜೊತೆಗಳಿಲ್ಲದೆ ಇಲ್ಲ. ಇಟಲಿಯ ರೊಸ್ಸೀನಿ 1829ರಲ್ಲಿ 'ವಿಲಿಯಂ ಟೆಲ್' ಎಂಬ ಸಂಗೀತ ನಾಟಕವನ್ನು ಪ್ಯಾರಿಸ್ಸಿನ ರಂಗಕ್ಕೆ ಕೊಟ್ಟಾಗ ಅವನ ವಯಸ್ಸು ಮೂವತ್ತೇಳು. ಯೂರೋಪಿನಲ್ಲಿ ಅವನಷ್ಟು ಹೆಸರಾದವನು ಇನ್ನೊಬ್ಬನಿರಲಿಲ್ಲ. ಅಲ್ಲಿಗೆ ನಾಟಕ ಬರೆಯುವುದನ್ನು ನಿಲ್ಲಿಸಿಬಿಟ್ಟನು. ಇನ್ನೂ ಮೂವತ್ತೊಂಬತ್ತು ವರ್ಷ ಬದುಕಿದ್ದರೂ ಮತ್ತೊಂದನ್ನು ಬರೆಯಲಿಲ್ಲ. ಆದರೆ 1857ರಿಂದ ಮುಂದೆ, ಮುಪ್ಪಿನಲ್ಲಿ, ಮನೆಗೆ ಬಂದ ಗೆಳೆಯರಿಗಾಗಿ ಸಣ್ಣ ಸಣ್ಣ ಪಿಯಾನೊ ರಚನೆಗಳನ್ನೂ ಹಾಡುಗಳನ್ನೂ ಬರೆದು, ಅವನ್ನು 'ಮುಪ್ಪಿನ ಪಾಪಗಳು' ಎಂದು ನಗುತ್ತ ಕರೆದನು. ಆ ಪಾಪಗಳ ಸಂಖ್ಯೆ ನೂರೈವತ್ತರಷ್ಟು. ದೊಡ್ಡ ರಂಗವನ್ನು ಬಿಟ್ಟ ಸಂಗೀತ ಸಣ್ಣ ಹಜಾರದಲ್ಲಿ ಮತ್ತೆ ಉಸಿರಾಡಿತು. ರೊಸ್ಸೀನಿ ಸುಖವಾಗಿ ಬಿಟ್ಟನು, ಮೈಸೂರಿನ ಅರಸು ಬಿಡಲೇಬೇಕಾಗಿ ಬಿಟ್ಟರು. ವ್ಯತ್ಯಾಸ ಅಷ್ಟೇ.

ಕನ್ನಡ ಮೇಷ್ಟರಾಗಿ ನನಗೊಂದು ಕೊರಗು ಇದೆ, ಹೇಳಿಬಿಡುತ್ತೇನೆ. ತೊಂಬತ್ತನಾಲ್ಕರಲ್ಲಿ ಒಂದಾದರೂ ಕನ್ನಡದಲ್ಲಿ ಇರಬಾರದಿತ್ತೆ? ದಾಸರ ಪದಗಳು ಮನೆಮನೆಯಲ್ಲಿ ಮೊಳಗಿದ ನಾಡಿನಲ್ಲಿ, ದೊಡ್ಡಪ್ಪನವರ ಇಚ್ಛೆಯಂತೆ ಭಾಗವತರು ತಾವು ಹೊರಗಿನವರಾದರೂ ಕನ್ನಡದಲ್ಲಿ ನೂರೆಂಟು ಹಾಡಿದ ಅರಮನೆಯಲ್ಲಿ, ಅರಸರಿಗೆ ಕನ್ನಡ ಏಕೆ ಒದಗಲಿಲ್ಲ? ಯೋಚಿಸಿದಾಗ ಒಂದು ಸಮಾಧಾನ ಹೊಳೆಯುತ್ತದೆ. ಕನ್ನಡ ಅವರ ಆಡಳಿತದ ಮಾತು, ದರ್ಬಾರಿನ ಮಾತು, ಜನರೊಡನೆ ಆಡುವ ಮಾತು. ಶ್ರೀವಿದ್ಯೆಯ ಉಪಾಸಕನಿಗೆ ಏಕಾಂತದ ಮಾತು ಮಂತ್ರದ ಮಾತೇ ಆಗಿತ್ತು. ಈ ಕೃತಿಗಳನ್ನು ಅವರು ಪ್ರಜೆಗಳಿಗೆ ಕೇಳಿಸಲೆಂದು ಬರೆದಂತೆ ಕಾಣುವುದಿಲ್ಲ. ದೊರೆತನದಿಂದ ಒಂದು ಗಂಟೆ ಬಿಡುವು ಸಿಕ್ಕಾಗ ದೇವರ ಮುಂದೆ ಕೂತು ಬರೆದಂತಿವೆ. ಸಭೆಯಲ್ಲಿ ನುಡಿಸಬೇಕೆಂದು ಹೊರಟವನ ಸಂಗೀತ ಸಭೆಯೇ ಇಲ್ಲದ ಕಡೆ ಹೋಗಿ ನಿಂತಿತು. ಕೊರಗು ಪೂರ್ತಿ ಹೋಗದಿದ್ದರೂ ಅರ್ಥವಾಗುತ್ತದೆ.

ಅರಸರ ಕಥೆಯಿಂದ ನಮಗೇನು ಎನ್ನುವವರು ತಮ್ಮ ಮನೆಯ ಅಟ್ಟವನ್ನೊಮ್ಮೆ ನೋಡಬೇಕು. ಬೆಂಗಳೂರು, ಮೈಸೂರುಗಳ ಎಷ್ಟು ಮನೆಗಳಲ್ಲಿ ಹಳೆಯ ಸೀರೆ ಸುತ್ತಿದ ವೀಣೆ, ತಂತಿ ಕಳಚಿದ ತಂಬೂರಿ, ಗೂಡು ಸೇರಿದ ಪಿಟೀಲು ಇಲ್ಲ? ಗಂಡುಮಕ್ಕಳದು ಹತ್ತನೆಯ ತರಗತಿ ಬಂದಾಗ ಸಂಗೀತದ ಪಾಠ ನಿಲ್ಲುತ್ತದೆ. ಹೆಣ್ಣುಮಕ್ಕಳ ಕಥೆ ಇನ್ನೂ ವಿಚಿತ್ರ. ಒಂದು ತಲೆಮಾರಿನಲ್ಲಿ ವೀಣೆ ಕಲಿಸುತ್ತಿದ್ದುದೇ ವರನ ಕಡೆಯವರು ಬಂದಾಗ ಒಂದು ಕೀರ್ತನೆ ನುಡಿಸಲೆಂದು. ಒಪ್ಪಿಗೆಯಾದ ಮೇಲೆ ವೀಣೆಯ ಕೆಲಸ ಮುಗಿಯಿತು. ಅತ್ತೆಯ ಮನೆಯಲ್ಲಿ ಅದಕ್ಕೆ ಜಾಗವೂ ಇಲ್ಲ, ಹೊತ್ತೂ ಇಲ್ಲ. ಒಬ್ಬ ಅರಸನ ಕೈಯಿಂದ ಪಿಯಾನೊ ಜಾರಿದ್ದನ್ನು ನಾವು ಚರಿತ್ರೆಯೆನ್ನುತ್ತೇವೆ. ಸಾವಿರಾರು ತಾಯಂದಿರ ಕೈಯಿಂದ ವೀಣೆ ಜಾರಿದ್ದಕ್ಕೆ ನಾವು ಹೆಸರನ್ನೇ ಇಟ್ಟಿಲ್ಲ. ಅವರಿಗೂ ಕರ್ತವ್ಯವೇ ಅಡ್ಡ ಬಂದದ್ದು. ಅರಸರಿಗೆ ಗುರುಗಳು ಮನೆಗೆ ಬಂದರು, ವಾದ್ಯವಿತ್ತು, ಬಾಗಿಲು ಮುಚ್ಚಿಕೊಳ್ಳಲು ಒಂದು ಕೋಣೆಯಿತ್ತು. ಈ ತಾಯಂದಿರಿಗೆ ಆ ಕೋಣೆ ಇರಲಿಲ್ಲ. ಹಾಗಿದ್ದರೂ ಅರವತ್ತು ದಾಟಿದ ಮೇಲೆ, ಮಕ್ಕಳು ದೂರ ಹೋದ ಮೇಲೆ, ಬೀದಿಯ ಕೊನೆಯ ಸಂಗೀತ ಪಾಠಕ್ಕೆ ಪುಸ್ತಕ ಹಿಡಿದು ಹೋಗುವ ಅಜ್ಜಿಯರನ್ನು ಈಗೀಗ ಕಾಣುತ್ತೇವೆ. ಅವರನ್ನು ಕಂಡು ನಗುವವರು ನಕ್ಕಾರು. ನನಗಂತೂ ಅದರಲ್ಲಿ ಒಂದು ರಾಜಗಾಂಭೀರ್ಯವೇ ಕಾಣುತ್ತದೆ.

ಜಯಚಾಮರಾಜ ಒಡೆಯರು 1950ರಿಂದ ಮೈಸೂರಿನ ರಾಜಪ್ರಮುಖರಾಗಿ, 1956ರಿಂದ ವಿಶಾಲ ರಾಜ್ಯದ ರಾಜ್ಯಪಾಲರಾಗಿ, 1964ರಿಂದ ಎರಡು ವರ್ಷ ಮದರಾಸಿನ ರಾಜ್ಯಪಾಲರಾಗಿ ಇದ್ದರು. 1966ರಲ್ಲಿ ಕೇಂದ್ರ ಸಂಗೀತ ನಾಟಕ ಅಕಾಡೆಮಿ ಅವರನ್ನು ಫೆಲೋ ಆಗಿ ಗೌರವಿಸಿತು. 1971ರಲ್ಲಿ ರಾಜಧನ ರದ್ದಾಯಿತು. ಅರಸು ಎಂಬ ಪದವಿಯೂ ಅದರೊಡನೆ ಹೋಯಿತು. 1974ರ ಸೆಪ್ಟೆಂಬರ್ 23ರಂದು, ಐವತ್ತೈದನೆಯ ವಯಸ್ಸಿನಲ್ಲಿ, ಅವರು ಕಾಲವಾದರು. ವಾಸುದೇವಾಚಾರ್ಯರ ಮೊಮ್ಮಗ ಎಸ್. ಕೃಷ್ಣಮೂರ್ತಿಯವರ ಪರಿಶ್ರಮದಿಂದ 2010ರಲ್ಲಿ ಅವರ ಕೃತಿಗಳೆಲ್ಲ 'ಶ್ರೀವಿದ್ಯಾ ಗಾನವಾರಿಧಿ' ಎಂಬ ಹೆಸರಿನಲ್ಲಿ ಸ್ವರಸಹಿತವಾಗಿ ಬೆಳಕು ಕಂಡುವು. ಮೆಟ್ನರರ ಹಳೆಯ ಪ್ಲೇಟುಗಳೂ ಹೊಸ ತಟ್ಟೆಗಳ ಮೇಲೆ ಮರುಮುದ್ರಣವಾಗಿ ಮತ್ತೆ ಕೇಳುಗರನ್ನು ಪಡೆದುವು.

ಸಿಂಹಾಸನ ಈಗ ನೋಡುವ ವಸ್ತು. ಅದನ್ನು ಕಾಣಲು ಟಿಕೆಟ್ಟು ಕೊಳ್ಳುತ್ತೇವೆ. ಸಹಿ ಹಾಕಿದ ಪತ್ರಗಳು ದಫ್ತರ ಸೇರಿವೆ. ಆದರೆ ಇಂದು ಸಂಜೆ ಎಲ್ಲಿಯಾದರೂ ಒಂದು ಕಚೇರಿಯಲ್ಲಿ, ವರ್ಣ ಮುಗಿದ ಮೇಲೆ, ಗಾಯಕರು ಗಂಭೀರನಾಟವನ್ನು ಎತ್ತಿಕೊಂಡರೆ ಸಭೆ ನೆಟ್ಟಗೆ ಕುಳಿತು ಕೇಳುತ್ತದೆ. ಇದು ಯಾರದೆಂದು ಪಕ್ಕದವರು ಕೇಳಿದರೆ, ಒಬ್ಬ ಮಹಾರಾಜರದೆಂದು ಹೇಳಬಹುದು. ಪಿಯಾನೊ ಬಿಟ್ಟ ಒಬ್ಬ ಹುಡುಗನದೆಂದು ಹೇಳಿದರೂ ತಪ್ಪಾಗದ.